ಒಂದು ಬಟ್ಟಲು ಪಾಯಸ, ಒಂದೇ ಒಂದು ಸಹಿ

ಡೊಂಬಿವಲಿಯ ನಮ್ಮ ಸೊಸೈಟಿಯಲ್ಲಿ ಯಾರ ಮನೆಯಿಂದಾದರೂ ಎರಡು ದಿನ ಬಿಡದೆ ಪಾಯಸ ಬಂತೆಂದರೆ, ಮೂರನೇ ದಿನ ಕಾಗದ ಬರುತ್ತದೆ ಅಂತಲೇ ಅರ್ಥ. ಬ್ಯಾಂಕಿನವನ ಮನೆ ನೋಡಿ! "ಸಾಹೇಬ್ರೇ, ಒಂದೇ ಒಂದು ಸಹಿ. ಕಂತು ನಾನೇ ಕಟ್ತೀನಿ. ಬರೀ ಫಾರ್ಮಾಲಿಟಿ."

ಫಾರ್ಮಾಲಿಟಿಯಂತೆ! ಹಾಗಿದ್ದರೆ ಬ್ಯಾಂಕು ಅದನ್ನು ಯಾಕೆ ಕೇಳುತ್ತಿತ್ತು ಸ್ವಾಮಿ? 1872ರ ಕರಾರು ಕಾಯ್ದೆಯ 128ನೇ ಕಲಮಿನ ಪ್ರಕಾರ, ಕರಾರಿನಲ್ಲಿ ಬೇರೆ ರೀತಿ ಬರೆಯದಿದ್ದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನದ್ದೂ ಅಷ್ಟೇ. "ಮೊದಲು ಅವನನ್ನು ಹಿಡೀರಿ, ಆಮೇಲೆ ನನ್ನ ಹತ್ರ ಬನ್ನಿ" ಅನ್ನುವ ಹಾಗಿಲ್ಲ. ಬ್ಯಾಂಕ್ ಆಫ್ ಬಿಹಾರ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 1968ರಲ್ಲೇ ಇದನ್ನು ಹೇಳಿಯಾಗಿದೆ. ಸಾಲಗಾರ ಸತ್ತರೂ ಜಾಮೀನು ಸಾಯುವುದಿಲ್ಲ. ನೀವೇ ಸತ್ತರೆ? ನೀವು ಬಿಟ್ಟುಹೋದ ಆಸ್ತಿ ಉತ್ತರ ಕೊಡುತ್ತದೆ. ಪಾಯಸ ಆವತ್ತೇ ಜೀರ್ಣವಾಗಿರುತ್ತದೆ, ಸಹಿ ಆಗುವುದಿಲ್ಲ.

ನಮ್ಮ ಕಟ್ಟಡದ ಹಿರಿಯರೊಬ್ಬರು ಹೀಗೇ ಜಾಮೀನು ಹಾಕಿದ್ದರು. ಸಾಲ ತಗೊಂಡಾತ ಹಾರ್ಟ್ ಅಟ್ಯಾಕ್ ಆಗಿ ಹೋಗಿಬಿಟ್ಟ. ಸ್ಮಶಾನದಲ್ಲಿ ಎಲ್ಲರಿಗಿಂತ ಜೋರಾಗಿ ಅತ್ತವರು ಇವರೇ. ಎಂಥ ಸ್ನೇಹ ಅಂತ ಜನ ಕಣ್ಣೊರೆಸಿಕೊಂಡರು. ಬಾಕಿ ಎಷ್ಟು ಅಂತ ಗೊತ್ತಿದ್ದದ್ದು ಇವರೊಬ್ಬರಿಗೇ! ಪಕ್ಕದಲ್ಲೇ ಇನ್ನೊಬ್ಬರು ಸೆಕ್ರೆಟರಿಯ ಕಿವಿಯಲ್ಲಿ ಕೇಳುತ್ತಿದ್ದರು: "ಅವರ ಪಾರ್ಕಿಂಗ್ ಜಾಗ ಇನ್ನು ಯಾರಿಗೆ?"

ಹಾಗಾದರೆ ನೆರೆಹೊರೆಯೇ ಬೇಡವೇ? ಖಂಡಿತ ಬೇಕು. ರಾತ್ರಿ ಎರಡು ಗಂಟೆಗೆ ಆಸ್ಪತ್ರೆಗೆ ಓಡಿ, ಮನೆಯ ಬೀಗದ ಕೈ ಇಟ್ಟುಕೊಳ್ಳಿ, ಕೈಲಾದರೆ ದುಡ್ಡೇ ಕೊಡಿ. ಕೊಟ್ಟದ್ದು ಹೋದರೆ ಅಷ್ಟೇ ಹೋಗುತ್ತದೆ. ಕೊಟ್ಟೋನು ಕೋಡಂಗಿ, ಇಸ್ಕೊಂಡೋನು ಈರಭದ್ರ ಅಂತಾರೆ. ಜಾಮೀನುದಾರ ಏನೂ ಕೊಡದೆಯೇ ಕೋಡಂಗಿ! ಮೇಲಾಗಿ ಆ ಸಾಲ ನಿಮ್ಮ ಸಿಬಿಲ್ ವರದಿಯಲ್ಲೂ ಕೂತಿರುತ್ತದೆ. ನಾಳೆ ಮಗಳ ಓದಿಗೆ ಸಾಲ ಕೇಳಲು ಹೋದಾಗ ಎದ್ದು ಬರುತ್ತದೆ.

ಊರು ಬಿಟ್ಟು ಬಂದ ನಮಗೆ "ನಮ್ಮೋರು" ಅನ್ನುವ ಮಾತು ಕಿವಿಗೆ ಬಿದ್ದರೆ ಸಾಕು, ಕೈ ತಾನಾಗಿ ಪೆನ್ನು ಹುಡುಕುತ್ತದೆ. ಕೇಳುವವರಿಗೂ ಅದು ಗೊತ್ತು. "ನೀವು ಹುಬ್ಬಳ್ಳಿ ಕಡೇವ್ರಲ್ರೀ?" ಅಂತಲೇ ಶುರು ಮಾಡುತ್ತಾರೆ. ಭಾಷೆ ಒಂದಾದರೆ ಸಾಲವೂ ಒಂದಾಗಬೇಕೇ? ಆಗುವುದಿಲ್ಲ ಅಂತ ಬಾಯಿಬಿಟ್ಟು ಹೇಳಿ. ಲಿಫ್ಟಿನಲ್ಲಿ ಮುಖ ತಿರುಗಿಸಿದರೆ ತಿರುಗಿಸಲಿ. ಅದು ನಾಲ್ಕು ಮಹಡಿಯ ಮಾತು. ಕಂತು ಹದಿನೈದು ವರ್ಷದ್ದು.