ಬಾಯಿಲ್ಲದವರು ಎಂದರೆ ಯಾರು?

ಮಾತಾಡದೆ ಇರುವುದಕ್ಕೆ ಕನ್ನಡದಲ್ಲಿ ಒಂದು ಹೆಸರಲ್ಲ, ಹತ್ತಾರು ಹೆಸರುಗಳಿವೆ. ಮೌನ, ಮೂಕತನ, ಸುಮ್ಮನಿರುವುದು, ಸೊಲ್ಲಡಗುವುದು, ಬಾಯಿ ಕಟ್ಟಿಹೋಗುವುದು, ತುಟಿಪಿಟಕ್ಕೆನ್ನದಿರುವುದು. ನಿಘಂಟು ಬರೆಯುವ ಪಂಡಿತರು ಇವನ್ನೆಲ್ಲ ಒಂದರ ಪಕ್ಕದಲ್ಲೊಂದಿಟ್ಟು ಸಮಾನಾರ್ಥಕಗಳೆಂದು ಕೈತೊಳೆದುಕೊಳ್ಳಬಹುದು. ಬೀದಿಯಲ್ಲಿ ಹಾಗಿಲ್ಲ. ಮಾತಾಡದೆ ಕುಳಿತವನು ಯಾರು ಎಂಬುದನ್ನು ನೋಡಿಕೊಂಡು ಅಲ್ಲಿ ಹೆಸರು ಹಂಚುತ್ತಾರೆ. ಸಭೆಯಲ್ಲಿ ಧಣಿ ಬಾಯಿ ಬಿಡದಿದ್ದರೆ ಅದು ಗಾಂಭೀರ್ಯ. ಮಠದ ಸ್ವಾಮಿಗಳದು ಮೌನವ್ರತ. ಕೇಳಿದ ಪ್ರಶ್ನೆಗೆ ಮಂತ್ರಿಗಳು ಉತ್ತರ ಕೊಡದಿದ್ದರೆ ಜಾಣ್ಮೆ. ಕೂಲಿ ಮಾಡುವ ಹೆಂಗಸು ಸುಮ್ಮನಿದ್ದಳೋ, ಅವಳು ಮೂಗಿ, ಬಾಯಿಲ್ಲದವಳು, ಪಾಪದವಳು. ಹೋಗಲಿ, ಬಾಯಿ ಬಿಟ್ಟಳು ಎನ್ನಿ. ಆಗ ಅವಳು ಬಜಾರಿ, ಗಯ್ಯಾಳಿ, ಬಾಯಿಬಡಕಿ. ಈ ಎರಡರ ನಡುವೆ ಅವಳಿಗೆಂದು ಮರ್ಯಾದೆಯ ಒಂದು ಹೆಸರನ್ನು ನಮ್ಮ ಭಾಷೆ ಇನ್ನೂ ಮಾಡಿಟ್ಟಿಲ್ಲ.

ಇದನ್ನು ನಾವು ವ್ಯಾಕರಣದ ಚರ್ಚೆಗೆಂದು ಬರೆಯುತ್ತಿಲ್ಲ. ಬೆಂಗಳೂರಿನ ಪಡುವಣ ಭಾಗವನ್ನು ಬಲ್ಲ ವಾಚಕರು ಬೆಳಗಿನ ಹೊತ್ತು ಕಾಮಾಕ್ಷಿಪಾಳ್ಯ, ಸುಂಕದಕಟ್ಟೆ, ಲಗ್ಗೆರೆಗಳ ಓಣಿಗಳಲ್ಲಿ ನಿಂತು ನೋಡಲಿ. ಊಟದ ಡಬ್ಬಿ ಹಿಡಿದ ಹೆಣ್ಣುಮಕ್ಕಳು ಸಾಲುಸಾಲಾಗಿ ಸಿದ್ಧ ಉಡುಪಿನ ಕಾರ್ಖಾನೆಗಳಿಗೆ ಹೊರಡುತ್ತಾರೆ; ಕೆಲವರು ಪೀಣ್ಯದ ಕಡೆಗೆ, ಕೆಲವರು ಮೈಸೂರು ರಸ್ತೆಯಲ್ಲಿ ಕೆಂಗೇರಿಯ ದಿಕ್ಕಿಗೆ. ಇವರು ನಡೆಯುವ ದಾರಿಯಲ್ಲಿ ಬಸವೇಶ್ವರನಗರವೆಂಬ ಬಡಾವಣೆಯಿದೆ. ಯಾರ ಹೆಸರದು? ವಚನವೆಂದರೆ ಮಾತು. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ದೋಣಿ ನಡೆಸುವ ಚೌಡಯ್ಯ, ಬಟ್ಟೆ ಒಗೆಯುವ ಮಾಚಯ್ಯ, ಚೆಲ್ಲಿದ ಅಕ್ಕಿ ಆಯುವ ಲಕ್ಕಮ್ಮ ಇವರೆಲ್ಲ ತಮ್ಮ ಕಸುಬಿನ ಮಾತಿನಲ್ಲೇ ದೊಡ್ಡ ಮಾತಾಡಿದರು. ಅಂಥ ಚಳವಳಿಯ ಹಿರಿಯನ ಹೆಸರು ಹೊತ್ತ ಬೀದಿಗಳನ್ನು ದಾಟಿ ಹೋಗುವ ಹೆಣ್ಣಾಳನ್ನು ಕುರಿತು ನಗರದ ಸುಶಿಕ್ಷಿತರು, ‘ಪಾಪ, ಬಾಯಿಲ್ಲದ ಜನ’ ಎನ್ನುತ್ತಾರೆ.

2016ರ ಏಪ್ರಿಲ್ 18 ಮತ್ತು 19ರಂದು ಏನಾಯಿತೆಂಬುದನ್ನು ಈ ಸುಶಿಕ್ಷಿತರು ಬೇಗ ಮರೆತಿದ್ದಾರೆ. ಆ ವರ್ಷದ ಫೆಬ್ರವರಿಯಲ್ಲಿ ಕೇಂದ್ರ ಸರ್ಕಾರ ಭವಿಷ್ಯ ನಿಧಿಯ ನಿಯಮಕ್ಕೆ ಒಂದು ತಿದ್ದುಪಡಿ ತಂದಿತು. ಕೆಲಸ ಬಿಟ್ಟವರು ತಾವು ಕಟ್ಟಿದ ಪಾಲನ್ನು ಮಾತ್ರ ತೆಗೆದುಕೊಳ್ಳಬಹುದು; ಮಾಲೀಕ ಕಟ್ಟಿದ ಪಾಲಿಗೆ 58 ವರ್ಷ ತುಂಬುವವರೆಗೆ ಕಾಯಬೇಕು. ದೆಹಲಿಯ ಕಚೇರಿಯಲ್ಲಿ ಕುಳಿತವರಿಗೆ ಇದು ವೃದ್ಧಾಪ್ಯದ ರಕ್ಷಣೆಯಾಗಿ ಕಂಡಿರಬೇಕು. ಹೊಲಿಗೆ ಯಂತ್ರದ ಮುಂದೆ 58ರವರೆಗೆ ಕೂರುವ ಹೆಂಗಸನ್ನು ಅವರು ಎಲ್ಲಿ ಕಂಡಿದ್ದರೋ ನಮಗೆ ತಿಳಿಯದು. ನಾಲ್ಕೈದು ವರ್ಷ ದುಡಿದು, ಕೆಲಸ ಬಿಟ್ಟು, ಆ ಗಂಟಿನಿಂದ ಮಗುವಿನ ಫೀಸು ಕಟ್ಟಿ, ಸಾಲ ತೀರಿಸಿ, ಮತ್ತೊಂದು ಕಾರ್ಖಾನೆಗೆ ಸೇರುವುದು ಇಲ್ಲಿನ ರೂಢಿ. ಪಿ.ಎಫ್. ಎಂಬುದು ಅವಳ ಬ್ಯಾಂಕು, ಅವಳ ಚೀಟಿ, ಅವಳ ತವರುಮನೆ ಎಲ್ಲವೂ.

ಮೊದಲ ದಿನ ಹೊಸೂರು ರಸ್ತೆಯಲ್ಲಿ ಹೆಂಗಸರು ಕಾರ್ಖಾನೆ ಬಿಟ್ಟು ಹೊರಬಂದರು. ಮರುದಿನ ತುಮಕೂರು ರಸ್ತೆ, ಜಾಲಹಳ್ಳಿ ಕ್ರಾಸ್ ತುಂಬಿಹೋಯಿತು. ಸಂಖ್ಯೆ ಲಕ್ಷಕ್ಕೂ ಮೇಲೆಂದು ಪತ್ರಿಕೆಗಳು ಬರೆದವು. ಲಾಠಿ ಬೀಸಿತು, ಅಶ್ರುವಾಯು ಸಿಡಿಯಿತು, ಬಸ್ಸುಗಳಿಗೆ ಬೆಂಕಿ ಬಿತ್ತು, ಹೆಬ್ಬಗೋಡಿಯ ಠಾಣೆಯ ಬಳಿ ವಾಹನಗಳು ಉರಿದವು. ಬೆಂಕಿ ಹಚ್ಚುವುದನ್ನು ನಾವು ಸಮರ್ಥಿಸುವವರಲ್ಲ. ಆದರೆ ನಡೆದದ್ದು ಇಷ್ಟು: ಎರಡನೆಯ ದಿನ ಮುಗಿಯುವುದರೊಳಗೆ ಅಂದಿನ ಕಾರ್ಮಿಕ ಸಚಿವ ಶ್ರೀ ಬಂಡಾರು ದತ್ತಾತ್ರೇಯರು ಆ ತಿದ್ದುಪಡಿಯನ್ನೇ ಹಿಂದಕ್ಕೆ ಪಡೆದರು. ದೇಶಾದ್ಯಂತ ಅದರ ಲಾಭ ಪಡೆದ ಕೋಟ್ಯಂತರ ನೌಕರರಲ್ಲಿ ಎಷ್ಟು ಮಂದಿಗೆ ಇದು ಬೆಂಗಳೂರಿನ ಹೊಲಿಗೆಯ ಹೆಂಗಸರು ಕೊಡಿಸಿದ್ದೆಂದು ಗೊತ್ತಿದೆ?

ಆ ಎರಡು ದಿನ ಅಧಿಕಾರಿಗಳನ್ನು ಕಾಡಿದ ಪ್ರಶ್ನೆ ಒಂದೇ: ನಿಮ್ಮ ಮುಖಂಡರು ಯಾರು? ಮುಖಂಡರಿರಲಿಲ್ಲ. ಅಹವಾಲಿನ ಪತ್ರವಿರಲಿಲ್ಲ, ವೇದಿಕೆಯಿರಲಿಲ್ಲ, ಭಾಷಣವಿರಲಿಲ್ಲ. ಆದ್ದರಿಂದ ಎಲ್ಲರೂ ‘ಇದ್ದಕ್ಕಿದ್ದಂತೆ’ ಎಂದರು. ಮೂಕರು ಇದ್ದಕ್ಕಿದ್ದಂತೆ ಕೂಗಿದರಂತೆ! ಊಟದ ಬಿಡುವಿನಲ್ಲಿ, ಬಸ್ಸಿನಲ್ಲಿ, ನೀರಿನ ನಲ್ಲಿಯ ಹತ್ತಿರ, ಒಂದೇ ಕೋಣೆಯ ಮನೆಗಳ ಹೊಸ್ತಿಲಲ್ಲಿ ವಾರಗಟ್ಟಲೆ ಆ ಮಾತು ಓಡಾಡದೆ ಲಕ್ಷ ಜನ ಒಂದೇ ಬೆಳಗ್ಗೆ ರಸ್ತೆಗಿಳಿಯುವುದು ಸಾಧ್ಯವೇ? ಮಾತು ಇತ್ತು. ಅದು ಮೇಲಕ್ಕೆ ಹತ್ತುವ ಏಣಿ ಇರಲಿಲ್ಲ, ಅಷ್ಟೆ. ಕೇಳಿಸಿದರೂ ಕೇಳಿಸದಂತಿರುವವನಿಗೆ ನಮ್ಮ ಜನ ಜಾಣಕಿವುಡ ಎಂದು ಹೆಸರಿಟ್ಟಿದ್ದಾರೆ. ಬಾಯಿಲ್ಲದವರ ಲೆಕ್ಕ ತೆಗೆಯುವ ಮಹನೀಯರು ಈ ಕಿವುಡರ ಲೆಕ್ಕವನ್ನೂ ಒಮ್ಮೆ ತೆಗೆಯಬಾರದೆ?

ಏಣಿ ಹಿಂದೆ ಇತ್ತು. 1980ರ ಡಿಸೆಂಬರ್ 26ರಿಂದ 77 ದಿನ ಇದೇ ನಗರದ ಸಾರ್ವಜನಿಕ ರಂಗದ ಕಾರ್ಖಾನೆಗಳ ಒಂದೂಕಾಲು ಲಕ್ಷ ಕಾರ್ಮಿಕರು ಮುಷ್ಕರ ಹೂಡಿದ್ದರು. ಎಚ್.ಎ.ಎಲ್., ಬಿ.ಇ.ಎಲ್., ಎಚ್.ಎಂ.ಟಿ., ಐ.ಟಿ.ಐ. ಗೇಟುಗಳ ಮುಂದೆ ದಿನಬೆಳಗಾದರೆ ಸಭೆ. ಬೇಡಿಕೆಗಳು ಕ್ರಮಸಂಖ್ಯೆ ಹಾಕಿ ಬರೆದು ಇದ್ದವು. ಆ ಕಾರ್ಮಿಕರೇನು ಹುಟ್ಟಿನಿಂದ ವಾಗ್ಮಿಗಳೇ? ಗೇಟ್ ಮೀಟಿಂಗೇ ಅವರ ಪಾಠಶಾಲೆ. ಮೊದಲ ವರ್ಷ ಕೇಳಿದರು, ಎರಡನೆಯ ವರ್ಷ ಜಯಕಾರ ಹಾಕಿದರು, ಐದನೆಯ ವರ್ಷ ತಾವೇ ಕುರ್ಚಿ ಹತ್ತಿ ನಿಂತರು. ಬಳಿಕ ಆ ಕಾರ್ಖಾನೆಗಳಲ್ಲಿ ಕೆಲವು ಮುಚ್ಚಿದವು, ಕೆಲವು ಸೊರಗಿದವು. ಮಾಗಡಿ ರಸ್ತೆಯ ಬಿನ್ನಿ ಗಿರಣಿಯ ನೆಲದಲ್ಲಿ ಇಂದು ಬಹುಮಹಡಿ ಮನೆಗಳು ಎದ್ದಿವೆ. ಗಿರಣಿಯೊಡನೆ ಗಿರಣಿಯ ಗೇಟೂ ಹೋಯಿತು, ಗೇಟಿನೊಡನೆ ಪಾಠಶಾಲೆಯೂ ಹೋಯಿತು. ಹೊಸ ಉಡುಪು ಕಾರ್ಖಾನೆಯಲ್ಲಿ ಗಂಟೆಗಿಷ್ಟು ತುಂಡು ಎಂಬ ಗುರಿ. ಪಕ್ಕದವಳೊಡನೆ ಎರಡು ಮಾತಾಡಿದರೆ ಸೂಪರ್‌ವೈಸರನ ಬೈಗುಳ. ಸಂಘ ಎಂಬ ಹೆಸರೆತ್ತಿದವಳಿಗೆ ಮರುದಿನ ಬೇರೆ ಲೈನು, ಅದರ ಮರುದಿನ ಗೇಟು. ಮೂಕತನವನ್ನು ಹೀಗೆ ಅಂಗಿಯಂತೆಯೇ ಅಳತೆ ಹಾಕಿ, ಕತ್ತರಿಸಿ, ಹೊಲಿಯುತ್ತಾರೆ.

ಇನ್ನೊಂದು ಬಗೆಯ ಮಾತಿಲ್ಲದಿರುವಿಕೆ ಇದಕ್ಕಿಂತ ಸೂಕ್ಷ್ಮ. ನಾವು ಹೆಚ್ಚು ಯೋಚಿಸಬೇಕಾದದ್ದು ಅದನ್ನೇ. ಬಾಯಿಯೂ ಇದೆ, ಧೈರ್ಯವೂ ಇದೆ, ಹೇಳಲು ಶಬ್ದವೇ ಇಲ್ಲ. 2013ರ ಕಾನೂನಿನಂತೆ ಹತ್ತು ಅಥವಾ ಅದಕ್ಕಿಂತ ಹೆಚ್ಚು ಜನ ಇರುವ ಕೆಲಸದ ಜಾಗದಲ್ಲೆಲ್ಲ ಹೆಂಗಸರ ದೂರು ಕೇಳಲು ಒಂದು ಸಮಿತಿ ಇರಬೇಕು. ನೋಟೀಸು ಬೋರ್ಡಿನ ಮೇಲೆ ‘ಲೈಂಗಿಕ ಕಿರುಕುಳ’ ಎಂದು ಅಚ್ಚಾಗಿರುತ್ತದೆ. ಮಾಗಡಿ, ಕನಕಪುರ, ಕುಣಿಗಲ್ ಸೀಮೆಯಿಂದ ಬಂದ ಯಾವ ಹೆಣ್ಣುಮಗಳು ತನ್ನ ನಾಲಗೆಯ ಮೇಲೆ ಆ ಎರಡು ಶಬ್ದಗಳನ್ನು ಇಟ್ಟುಕೊಂಡಿದ್ದಾಳೆ? ಅವಳು ಹೇಳುವುದು ಬೇರೆ. ‘ಅವನು ಸರಿಯಿಲ್ಲ’ ಎನ್ನುತ್ತಾಳೆ. ‘ಆ ಲೈನಿಗೆ ನನ್ನ ಹಾಕ್ಬೇಡಿ’ ಎನ್ನುತ್ತಾಳೆ. ‘ಏನೋ ಒಂಥರಾ ಮಾತಾಡ್ತಾನೆ’ ಎನ್ನುತ್ತಾಳೆ. ಅದೂ ಆಗದಿದ್ದರೆ ಹೊಟ್ಟೆನೋವೆಂದು ಮೂರು ದಿನ ರಜೆ ಹಾಕುತ್ತಾಳೆ. ‘ಒಂಥರಾ’ ಎಂಬ ಆ ಒಂದು ಮಾತಿನೊಳಗೆ ಎಷ್ಟು ಅಡಗಿದೆ ಎಂಬುದು ಕೇಳುವ ಹೆಂಗಸರಿಗೆ ತಕ್ಷಣ ತಿಳಿಯುತ್ತದೆ. ಸಮಿತಿಯ ಪುಸ್ತಕಕ್ಕೆ ಮಾತ್ರ ತಿಳಿಯುವುದಿಲ್ಲ. ವರ್ಷದ ಕೊನೆಗೆ ವರದಿ: ದೂರುಗಳು ಸೊನ್ನೆ. ಮೌನಂ ಸಮ್ಮತಿಲಕ್ಷಣಂ ಎಂಬ ಹಳೆಯ ಮದುವೆಮನೆಯ ಮಾತು ಹೀಗೆ ಕಾರ್ಖಾನೆಯ ಲೆಕ್ಕಪತ್ರವನ್ನು ಹೊಕ್ಕಿದೆ.

ಬರೆಯಲಾರದವಳ ದೂರನ್ನು ಬರೆದುಕೊಡಲು ಸಮಿತಿಯವರೇ ನೆರವಾಗಬೇಕೆಂದು ಅದೇ ಕಾನೂನಿನ ಒಂಬತ್ತನೆಯ ಕಲಮು ಹೇಳುತ್ತದೆ. ಪಾಠ ಹೇಳಿ ಅನ್ನ ತಿಂದ ನಮಗೆ ಇಲ್ಲಿನ ತೊಡಕು ಗೊತ್ತು. ಕೊನೆಯ ಬೆಂಚಿನ ಹುಡುಗ ತರಗತಿಯಲ್ಲಿ ಬಾಯಿ ಬಿಡುವುದಿಲ್ಲ. ಅವನೇ ಹೊಲದಲ್ಲಿ ಎತ್ತಿನ ಸುಳಿ, ಮಳೆಯ ನಕ್ಷತ್ರ, ಮಣ್ಣಿನ ಜಾತಿ ಎಲ್ಲವನ್ನೂ ಅರಳು ಹುರಿದಂತೆ ಹೇಳುತ್ತಾನೆ. ಪುಸ್ತಕದ ಕನ್ನಡ ಅವನ ಮನೆಯ ಕನ್ನಡವಲ್ಲ. ಮೇಷ್ಟರು ಅವನನ್ನು ದಡ್ಡನೆಂದು ಬರೆದರೆ ಆ ದಡ್ಡತನ ಯಾರದು?

ಕಿವಿ ಕೇಳದವರ ಮೇಲೂ ಲೋಕ ಇದೇ ಅನ್ಯಾಯ ನಡೆಸಿದೆ. ಅವರನ್ನು ನಮ್ಮ ಹಳ್ಳಿಗಳಲ್ಲಿ ಸಲೀಸಾಗಿ ‘ಮೂಗ’ ಎನ್ನುತ್ತಾರೆ. ಅವರ ಕೈಯಲ್ಲಿ ಪೂರ್ತಿ ಒಂದು ಭಾಷೆ ಇದೆ. 1880ರಲ್ಲಿ ಇಟಲಿಯ ಮಿಲಾನಿನಲ್ಲಿ ಸೇರಿದ ಶಿಕ್ಷಕರ ಮಹಾಸಭೆ ಶಾಲೆಗಳಲ್ಲಿ ಕೈಭಾಷೆ ಕೂಡದೆಂದು ನಿರ್ಣಯಿಸಿತು. ನಿರ್ಣಯ ಮಾಡಿದವರಲ್ಲಿ ಹೆಚ್ಚುಕಡಿಮೆ ಎಲ್ಲರೂ ಕಿವಿ ಕೇಳುವವರು! ನಮ್ಮ ದೇಶದ 2016ರ ಅಂಗವಿಕಲರ ಹಕ್ಕುಗಳ ಕಾಯಿದೆ ಸನ್ನೆಭಾಷೆಯನ್ನೂ ಸಂವಹನವೆಂದು ಒಪ್ಪಿದೆ. ಒಪ್ಪಲು ಇಷ್ಟು ಕಾಲ ಬೇಕಾಯಿತು.

ಹಾಗಾದರೆ ಮೌನಕ್ಕೆ ಬೆಲೆಯೇ ಇಲ್ಲವೆ? ಇದೆ. ಗಾಂಧೀಜಿ ಸೋಮವಾರ ಮಾತಾಡುತ್ತಿರಲಿಲ್ಲ. ಬೇಕಾದ್ದನ್ನು ಚೀಟಿಯಲ್ಲಿ ಬರೆಯುತ್ತಿದ್ದರು. ಮಂಗಳವಾರ ಅವರು ಆಡುವ ಮಾತಿಗೆ ದೇಶವೇ ಕಾದಿರುತ್ತಿತ್ತು ಎಂಬುದರಿಂದ ಸೋಮವಾರದ ಮೌನಕ್ಕೆ ತೂಕ. ಕೇರಳದ ಮೂವರು ಶಾಲಾಮಕ್ಕಳ ಮೊಕದ್ದಮೆಯೂ ನೆನಪಿಡತಕ್ಕದ್ದು. ತಮ್ಮ ಧರ್ಮದ ನಂಬಿಕೆಯಿಂದ ಅವರು ರಾಷ್ಟ್ರಗೀತೆಗೆ ಎದ್ದು ನಿಲ್ಲುತ್ತಿದ್ದರು, ಹಾಡುತ್ತಿರಲಿಲ್ಲ. 1985ರಲ್ಲಿ ಅವರನ್ನು ಶಾಲೆಯಿಂದ ಹೊರಹಾಕಿದರು. 1986ರಲ್ಲಿ ಸುಪ್ರೀಂ ಕೋರ್ಟು ಅವರ ಪರವಾಗಿ ತೀರ್ಪಿತ್ತಿತು. ಸುಮ್ಮನಿರುವ ಹಕ್ಕೂ ವಾಕ್‌ಸ್ವಾತಂತ್ರ್ಯದೊಳಗೇ ಇದೆಯೆಂದಿತು. ಆ ಮಕ್ಕಳು ಮೌನವನ್ನು ಆರಿಸಿಕೊಂಡರು. ಹೊಲಿಗೆ ಯಂತ್ರದ ಮುಂದೆ ಕುಳಿತವಳಿಗೆ ಆರಿಸಿಕೊಳ್ಳಲು ಮೊದಲು ಎರಡನೆಯದೊಂದು ಇರಬೇಕಲ್ಲ.

ನಮ್ಮ ಕಾರ್ಯಕರ್ತ ಬಂಧುಗಳಿಗೂ ಇಲ್ಲಿ ಒಂದು ಮಾತು ಹೇಳಬೇಕಾಗಿದೆ. ‘ದನಿಯಿಲ್ಲದವರ ದನಿ’ ಎಂದು ಬ್ಯಾನರಿನ ಮೇಲೆ ಬರೆಸುವ ಚಾಳಿ ಎಲ್ಲ ಪಕ್ಷಗಳಲ್ಲೂ ಇದೆ. ಡಾ. ಅಂಬೇಡ್ಕರ್ 1920ರ ಜನವರಿ 31ರಂದು ಪತ್ರಿಕೆ ಹೊರಡಿಸಿದಾಗ ಅದಕ್ಕೆ ‘ಮೂಕನಾಯಕ’ ಎಂದು ಹೆಸರಿಟ್ಟರು, ನಿಜ. ಆದರೆ ಅವರು ಹೊರಗಿನಿಂದ ಬಂದು ಮೂಕರಿಗೆ ಬಾಯಿ ಎರವಲು ಕೊಟ್ಟವರಲ್ಲ, ಆ ಜನರೊಳಗಿನಿಂದಲೇ ಎದ್ದು ಮಾತಾಡಿದವರು. ನಾವು ಮೈಕು ಹಿಡಿದು ಒಂದು ಗಂಟೆ ಹೆಂಗಸರ ಕಷ್ಟ ವರ್ಣಿಸುವಾಗ ಹೆಂಗಸರು ಕೆಳಗೆ ಚಾಪೆಯ ಮೇಲೆ ಕುಳಿತು ಆಕಳಿಸುತ್ತಿದ್ದರೆ, ಅಲ್ಲಿ ನಡೆಯುತ್ತಿರುವುದು ಅದೇ ಹಳೆಯ ವ್ಯವಹಾರ. ಸೂಪರ್‌ವೈಸರನ ಜಾಗದಲ್ಲಿ ಭಾಷಣಕಾರ ನಿಂತಿದ್ದಾನೆ. 2016ರಲ್ಲಿ ನಾಯಕರಿಲ್ಲದೆ ಗೆದ್ದವರಿಗೆ ನಾಯಕರು ಬೇಡವೆಂದು ನಾವು ಹೇಳುವುದಿಲ್ಲ. ಎರಡು ದಿನದ ಸಿಟ್ಟು ಸಂಘಟನೆಯಾಗದೆ ಹೋದರೆ ಏನಾಗುತ್ತದೆಂಬುದನ್ನು ಮುಂದಿನ ವರ್ಷಗಳು ತೋರಿಸಿದವು. 2020ರ ಏಪ್ರಿಲ್‌ನಿಂದ ಸಲ್ಲಬೇಕಾಗಿದ್ದ ತಿಂಗಳಿಗೆ 417 ರೂಪಾಯಿಯಷ್ಟು ತುಟ್ಟಿಭತ್ಯವನ್ನು ಅನೇಕ ಕಾರ್ಖಾನೆಗಳು ಎರಡು ವರ್ಷದ ಹತ್ತಿರ ಹತ್ತಿರ ಕೊಡದೆ ಎಳೆದವು. ಸಂಘಗಳ ಕೂಗಿಗೆ ಕಿವಿಗೊಡದ ಮಾಲೀಕರಿಗೆ, ಆ ಸುದ್ದಿ ಹೊರದೇಶದ ಪತ್ರಿಕೆಗಳಲ್ಲಿ ಬಂದು ಅಂಗಿ ಕೊಳ್ಳುವ ಕಂಪನಿಗಳು ಮುಖ ಸಿಂಡರಿಸಿದ ಮೇಲೆ, 2022ರಲ್ಲಿ ಕಿವಿ ಕೇಳಿಸಿತು. ಪೀಣ್ಯದ ಮಾತು ಪೀಣ್ಯವನ್ನು ಮುಟ್ಟಬೇಕಾದರೆ ಲಂಡನ್ನಿನ ಮೇಲೆ ಸುತ್ತಿ ಬರಬೇಕೇ?

ಈಗ ಲೈನುಗಳಲ್ಲಿ ಹೊಸ ಮುಖಗಳಿವೆ. ಒಡಿಶಾ, ಜಾರ್ಖಂಡ್‌ಗಳಿಂದ ಹದಿನೆಂಟು ಇಪ್ಪತ್ತರ ಹುಡುಗಿಯರನ್ನು ತರಬೇತಿಯ ಹೆಸರಿನಲ್ಲಿ ಕರೆತಂದು ಹಾಸ್ಟೆಲುಗಳಲ್ಲಿ ಇಟ್ಟಿದ್ದಾರೆ. ಅವರಿಗೆ ಕನ್ನಡ ಬಾರದು; ಪಕ್ಕದ ಮಂಡ್ಯದವಳಿಗೆ ಒಡಿಯಾ ಬಾರದು. ಇಬ್ಬರೂ ತಮ್ಮ ತಮ್ಮ ಭಾಷೆಯಲ್ಲಿ ಮಾತುಗಾರ್ತಿಯರೇ, ಒಟ್ಟಿಗೆ ಕೂಡಿಸಿದರೆ ಇಬ್ಬರೂ ಮೂಕರು. ಮಾಲೀಕರಿಗೆ ಇದಕ್ಕಿಂತ ಅಗ್ಗದ ಬೀಗ ಎಲ್ಲಿ ಸಿಕ್ಕೀತು? ಇದನ್ನು ಹೊರಗಿನವರು ಒಳಗಿನವರು ಎಂಬ ಜಗಳವಾಗಿ ತಿರುಗಿಸುವವರು ಆ ಬೀಗಕ್ಕೆ ಎಣ್ಣೆ ಹಾಕುವವರು.

2025ರ ಅಕ್ಟೋಬರ್ 13ರಂದು ಭವಿಷ್ಯ ನಿಧಿಯ ಕೇಂದ್ರ ಮಂಡಲಿ ಮತ್ತೊಂದು ತೀರ್ಮಾನ ಮಾಡಿತು. ಖಾತೆಯಲ್ಲಿ ನೂರಕ್ಕೆ 25 ಪಾಲು ಸದಾ ಉಳಿದಿರಬೇಕು. ಮಿಕ್ಕದ್ದನ್ನು ತೆಗೆಯುವುದು ಸುಲಭವಾಗಬೇಕು. ಕೆಲಸ ಬಿಟ್ಟವರು ಪೂರ್ತಿ ಲೆಕ್ಕ ಚುಕ್ತಾ ಮಾಡಿಕೊಳ್ಳಲು 2 ತಿಂಗಳ ಬದಲು 12 ತಿಂಗಳು ಕಾಯಬೇಕು. ಇದರಲ್ಲಿ ಒಳಿತೆಷ್ಟು ಕೆಡುಕೆಷ್ಟು ಎಂದು ವಾದಿಸಬಹುದು. ಮೊದಲು ವಾದಿಸಬೇಕಾದವಳಿಗೆ ಅದು ತಿಳಿಯಬೇಕಲ್ಲ? ಕಾರ್ಖಾನೆಯ ಗೋಡೆಯ ಮೇಲೆ ಕಾಯಿದೆಯ ಸಾರಾಂಶವನ್ನು ಹೆಚ್ಚು ಜನ ಕಾರ್ಮಿಕರ ಭಾಷೆಯಲ್ಲಿ ಬರೆದು ಹಾಕಬೇಕೆಂದು 1936ರ ವೇತನ ಪಾವತಿ ಕಾಯಿದೆಯನ್ನು ಬರೆದ ಬ್ರಿಟಿಷರ ಕಾಲದವರಿಗೇ ತೋಚಿತ್ತು. ಕೂಲಿಗೂ ಭವಿಷ್ಯ ನಿಧಿಗೂ ಸಂಬಂಧಪಟ್ಟ ಯಾವ ನಿಯಮ ಬದಲಾದರೂ ಅದನ್ನು ಗೇಟಿನ ಹತ್ತಿರ, ಕೆಲಸದ ವೇಳೆಯಲ್ಲಿ, ಸಂಬಳ ಹಿಡಿಯದೆ, ಕನ್ನಡದಲ್ಲೂ ಒಡಿಯಾ ಹಿಂದಿಗಳಲ್ಲೂ ಗಟ್ಟಿಯಾಗಿ ಓದಿ ಹೇಳತಕ್ಕದ್ದೆಂದು ಕಾರ್ಮಿಕ ಇಲಾಖೆ ಆಜ್ಞೆ ಮಾಡಲಿ. ದೂರಿನ ಪುಸ್ತಕದಲ್ಲಿ ಹೆಂಗಸು ಹೇಳಿದ್ದನ್ನು ಅವಳು ಹೇಳಿದಂತೆಯೇ ಬರೆದುಕೊಳ್ಳಲಿ. ‘ಅವನು ಸರಿಯಿಲ್ಲ’ ಎಂದಿದ್ದರೆ ‘ಅವನು ಸರಿಯಿಲ್ಲ’ ಎಂದೇ ಬರೆದು, ಅದರ ಕೆಳಗೆ ತಾರೀಖು ಹಾಕಿ, ಅಂದಿನಿಂದಲೇ ವಿಚಾರಣೆ ತೊಡಗಲಿ.