ಕೊರಿಯಾದ ಗಡಿಗೆ, ಕುಂದಗೋಳದ ಒಲೆ

ಮುಂಗಾರಿನ ಹೆಸರು, ಸೋಯಾ ಬೆಳೆಗಳಲ್ಲಿ ಕಳೆ ತೆಗೆಯುವ ಕಾಲ. ಕುಂದಗೋಳ, ಕಲಘಟಗಿ ಕಡೆಯ ಹಳ್ಳಿಗಳಲ್ಲಿ ಬುತ್ತಿ ಕಟ್ಟಿಕೊಂಡು ಮುಂಜಾನೆ ಹೊಲಕ್ಕೆ ಹೋದ ಹೆಣ್ಣುಮಕ್ಕಳು ಮನೆ ಸೇರುವಾಗ ಹೊತ್ತು ಮುಳುಗಿರುತ್ತದೆ. ಕೈಕಾಲು ತೊಳೆದು ಒಲೆಯ ಮುಂದೆ ಕುಳಿತರೆ ಊಟ ಸಿದ್ಧವಾಗುವುದು ಎಂಟೂವರೆಗೆ. ಅಷ್ಟರಲ್ಲಿ ಪರೀಕ್ಷೆಗೆ ಓದುವ ಮಗ ಪುಸ್ತಕದ ಮೇಲೆಯೇ ತೂಕಡಿಸುತ್ತಿರುತ್ತಾನೆ. ಮಗಳು ಓದುವುದನ್ನು ಬಿಟ್ಟು ಉಳ್ಳಾಗಡ್ಡಿ ಹೆಚ್ಚುತ್ತಿರುತ್ತಾಳೆ.

ಅಂಥದೊಂದು ಮನೆಯ ಹುಡುಗಿ ಕಾಲೇಜಿನ ಗೆಳತಿಯ ಮೊಬೈಲಿನಲ್ಲಿ ಕೊರಿಯಾದ ಧಾರಾವಾಹಿ ನೋಡುತ್ತ, ಅದರ ಬೆನ್ನಿಗೇ ಬಂದ ಅಡುಗೆಯ ಚಿತ್ರವನ್ನೂ ನೋಡಿದಳು ಎಂದುಕೊಳ್ಳಿ. ಕರೆಂಟಿನ ಗಡಿಗೆಯೊಂದರಲ್ಲಿ ಮಾಂಸ, ಸೋಯಾ ಸಾಸ್, ಬೆಳ್ಳುಳ್ಳಿ ಹಾಕಿ ಮುಚ್ಚಳ ಮುಚ್ಚುತ್ತಾರೆ. ಎಂಟು ತಾಸು ಯಾರೂ ಅದರ ಹತ್ತಿರ ಸುಳಿಯುವುದಿಲ್ಲ. ಸಂಜೆ ತೆರೆದರೆ ಮಾಂಸ ಚಮಚಕ್ಕೇ ಎಳೆಎಳೆಯಾಗಿ ಬಿಡಿಸಿಕೊಳ್ಳುತ್ತದೆ. ಹುಡುಗಿಗೆ ನಂಬಿಕೆ ಬರುವುದಿಲ್ಲ. “ಎಂಟ ತಾಸ ಬೆಂಕಿ ಮ್ಯಾಲಿಟ್ಟರ ಸೀದು ಹೋಗಂಗಿಲ್ಲೇನು?” ಎಂದು ಮನೆಯಲ್ಲಿ ಕೇಳಿದರೆ ಮೂಲೆಯಲ್ಲಿ ಕುಳಿತ ಅಜ್ಜಿಯ ಉತ್ತರ ಸಿದ್ಧವಿರುತ್ತದೆ: “ನಾವು ಹಾಲಿನ ಗಡಿಗಿ ಮುಂಜಾನಿಯಿಂದ ಸಂಜೀತನಕಾ ಕುಳ್ಳಿನ ಬೆಂಕಿ ಮ್ಯಾಲ ಇಡತಿದ್ದಿವಲ್ಲ, ಒಂದ ದಿನಾರ ಸೀದಿತ್ತೇನು?”

ಅಜ್ಜಿಯ ಮಾತಿನಲ್ಲಿ ಇಡೀ ಯಂತ್ರದ ಗುಟ್ಟಿದೆ. ಕುಳ್ಳಿನ ಬೆಂಕಿ ಉರಿಯುವುದಿಲ್ಲ, ಬೂದಿಯೊಳಗೆ ಕನಲುತ್ತದೆ. ಮಣ್ಣಿನ ಗಡಿಗೆಯ ದಪ್ಪ ಗೋಡೆ ಆ ಕಾವನ್ನು ಮೆಲ್ಲಗೆ ಹೀರಿಕೊಂಡು ಸುತ್ತಲೂ ಹಂಚುತ್ತದೆ. ಹಾಲು ಉಕ್ಕದೆ, ತಳ ಹಿಡಿಯದೆ, ಕೆನೆಗಟ್ಟಿ ಕೆಂಪಗಾಗುತ್ತದೆ. ಕರೆಂಟಿನ ನಿಧಾನ ಗಡಿಗೆಯಲ್ಲಿ, ಅಂದರೆ ಸ್ಲೋ ಕುಕರಿನಲ್ಲಿ, ಕುಳ್ಳಿನ ಬದಲು ತಂತಿಯ ಸುರುಳಿ ಇರುತ್ತದೆ. ಮಣ್ಣಿನ ಗಡಿಗೆಯ ಬದಲು ಮೆರುಗು ಹಚ್ಚಿದ ಪಿಂಗಾಣಿ ಪಾತ್ರೆ. ಉಳಿದದ್ದೆಲ್ಲ ಅದೇ.

ಈ ಯಂತ್ರದ ಹುಟ್ಟಿಗೂ ಒಂದು ಅಜ್ಜಿಯ ಮನೆಯ ಕತೆಯೇ ಕಾರಣ. ಅಮೆರಿಕದ ಷಿಕಾಗೋ ನಗರದಲ್ಲಿ ಅರ್ವಿಂಗ್ ನ್ಯಾಕ್ಸನ್ ಎಂಬ ಎಂಜಿನಿಯರ್ ಇದ್ದರು. ಯಹೂದಿಗಳಲ್ಲಿ ಶನಿವಾರ ವಿಶ್ರಾಂತಿಯ ದಿನ, ಒಲೆ ಹೊತ್ತಿಸುವಂತಿಲ್ಲ. ಲಿಥುವೇನಿಯಾದ ವಿಲ್ನಾದಲ್ಲಿ ಬೆಳೆದ ಅವರ ತಾಯಿಯ ಬಾಲ್ಯದಲ್ಲಿ ಶುಕ್ರವಾರ ಸಂಜೆ ಕಾಳು, ಮಾಂಸ, ಬಟಾಟೆ ತುಂಬಿದ ಗಡಿಗೆಯನ್ನು ಊರಿನ ರೊಟ್ಟಿ ಭಟ್ಟಿಗೆ ಒಯ್ದು ಇಡುತ್ತಿದ್ದರಂತೆ. ಆರುತ್ತಿರುವ ಭಟ್ಟಿಯ ಕಾವಿನಲ್ಲೇ ಅದು ರಾತ್ರಿಯಿಡೀ ಬೇಯುತ್ತಿತ್ತು. ತಾಯಿ ಹೇಳಿದ ಈ ಕತೆಯ ಜಾಡು ಹಿಡಿದು ನ್ಯಾಕ್ಸನ್ ಕರೆಂಟಿನ ಗಡಿಗೆಯೊಂದನ್ನು ಮಾಡಿದರು. 1936ರಲ್ಲಿ ಅರ್ಜಿ ಹಾಕಿದ ಅವರಿಗೆ 1940ರಲ್ಲಿ ಪೇಟೆಂಟ್ ದೊರೆಯಿತು. 1970ರಲ್ಲಿ ರೈವಲ್ ಕಂಪನಿ ಅದನ್ನು ಕೊಂಡಿತು. ಮರುವರ್ಷ ‘ಕ್ರಾಕ್ ಪಾಟ್’ ಎಂಬ ಹೆಸರಿನಲ್ಲಿ ಅದು ಪೇಟೆಗೆ ಬಂತು. ಕೆಲಸಕ್ಕೆ ಹೊರಗೆ ಹೋಗುವ ಹೆಂಗಸರ ಸಂಖ್ಯೆ ಹೆಚ್ಚುತ್ತಿದ್ದ ಕಾಲವದು. ಬೆಳಿಗ್ಗೆ ತುಂಬಿಟ್ಟು ಹೋದರೆ ಸಂಜೆ ಊಟ ಸಿದ್ಧ ಎಂಬ ಮಾತಿಗೆ ಜನ ಒಲಿದರು.

ನಮ್ಮಲ್ಲೂ ಈ ಯೋಚನೆ ಹೊಸದಲ್ಲ. ನ್ಯಾಕ್ಸನ್‌ಗಿಂತ ಬಹಳ ಮೊದಲೇ, 1910ರಲ್ಲಿ, ಕಲ್ಕತ್ತೆಯ ಇಂದುಮಾಧವ ಮಲ್ಲಿಕ್ ಎಂಬ ವೈದ್ಯರು ‘ಇಕ್ಮಿಕ್ ಕುಕರ್’ ಕಂಡುಹಿಡಿದಿದ್ದರು. ಕೆಳಗೆ ಇದ್ದಿಲ ಕೆಂಡ, ಮೇಲೆ ಬುತ್ತಿಯ ಡಬ್ಬಿಗಳಂತೆ ಒಂದರ ಮೇಲೊಂದು ಪಾತ್ರೆ. ಅಕ್ಕಿ, ಬೇಳೆ, ಮಾಂಸ ಎಲ್ಲವೂ ಹಬೆಯಲ್ಲಿ ತಾವಾಗಿಯೇ ಬೇಯುತ್ತಿದ್ದವು.

ಇನ್ನು ಮಾಂಸದ ವಿಚಾರ. ಮೊದಲು ಕುದಿಯುವ ನೀರಿನಲ್ಲಿ ಬಿರುಸಾಗಿ ಬೇಯಿಸಿದ ಮಾಂಸ ಅನೇಕ ಸಲ ರಬ್ಬರಿನಂತಾಗುವುದೇಕೆ ಎಂದು ತಿಳಿಯಬೇಕು. ಮಾಂಸದಲ್ಲಿ ಎರಡು ಬಗೆಯ ಎಳೆಗಳಿವೆ. ಒಂದು ಸ್ನಾಯುವಿನ ಎಳೆ. ಇದು 60–70 ಡಿಗ್ರಿ ಸೆಲ್ಸಿಯಸ್ ಹೊತ್ತಿಗೆ ಮುದುಡಿಕೊಂಡು ಒಳಗಿನ ನೀರನ್ನು ಹಿಂಡಿ ಹೊರಹಾಕುತ್ತದೆ. ಇನ್ನೊಂದು ಆ ಎಳೆಗಳನ್ನು ಕಟ್ಟಿ ಹಿಡಿದಿರುವ ಕೊಲಾಜೆನ್. ಇದರ ಒಂದೊಂದು ಕಣವೂ ಮೂರೆಳೆ ಹೊಸೆದ ಹಗ್ಗದಂತಿರುತ್ತದೆ. ಹೆಚ್ಚು ದುಡಿಯುವ ಕಾಲು, ಹೆಗಲುಗಳಲ್ಲಿ ಈ ಹಗ್ಗ ಹೆಚ್ಚು. ಪ್ರಾಣಿಗೆ ವಯಸ್ಸಾದಷ್ಟೂ ಗಂಟು ಬಿಗಿ. 70 ಡಿಗ್ರಿ ದಾಟಿದ ಮೇಲೆ, ನೀರಿನ ಜತೆಯಲ್ಲಿ, ತಾಸುಗಟ್ಟಲೆ ಕಾವು ತಗುಲಿದರೆ ಹಗ್ಗ ಬಿಚ್ಚಿಕೊಂಡು ಜೆಲಾಟಿನ್ ಆಗುತ್ತದೆ. ಕಾಲು ಸೂಪು ತಣ್ಣಗಾದಾಗ ಗಟ್ಟಿಯಾಗುವುದು ಇದರಿಂದಲೇ. ಈ ಜೆಲಾಟಿನ್ ಎಳೆಗಳ ನಡುವೆ ಹರಡಿದಾಗ, ನೀರು ಕಳೆದುಕೊಂಡ ಮಾಂಸವೂ ಬಾಯಿಗೆ ಮೆತ್ತಗೆನಿಸುತ್ತದೆ. ಪ್ರೆಷರ್ ಕುಕರಿನ ಒಳಗೆ ಕಾವು ಸುಮಾರು 120 ಡಿಗ್ರಿಗೆ ಏರುವುದರಿಂದ ಈ ಕೆಲಸ ಮುಕ್ಕಾಲು ತಾಸಿನಲ್ಲಿ ಮುಗಿಯುತ್ತದೆ. ನಿಧಾನ ಗಡಿಗೆ ಕುದಿಯುವ ಬಿಂದುವಿನ ಆಚೆಗೆ ಹೋಗುವುದೇ ಇಲ್ಲ. ಅದಕ್ಕೇ ಎಂಟು ತಾಸು.

ಕೊರಿಯಾದ ಜನ ದನದ ಮಾಂಸವನ್ನು ಹೀಗೆ ಬೇಯಿಸುವುದರ ಹಿಂದೆ ಒಕ್ಕಲುತನದ ಕತೆಯೂ ಇದೆ. 1392ರಿಂದ 1910ರವರೆಗೆ ಅಲ್ಲಿ ಆಳಿದ ಜೊಸನ್ ಅರಸರು ದನ ಕಡಿಯುವುದನ್ನು ಮತ್ತೆ ಮತ್ತೆ ನಿಷೇಧಿಸಿದರು. ಎತ್ತಿಲ್ಲದೆ ಗದ್ದೆಯ ಉಳುಮೆ ಇಲ್ಲ ಎಂಬುದೇ ಕಾರಣ. ಕಾರ ಹುಣ್ಣಿಮೆಗೆ ಎತ್ತಿನ ಕೊಂಬಿಗೆ ಬಣ್ಣ ಬಳಿಯುವ ನವಲಗುಂದದ ರೈತನಿಗೆ ಈ ಮಾತು ಬಿಡಿಸಿ ಹೇಳಬೇಕಿಲ್ಲ. ಹಾಗಾಗಿ ಅಲ್ಲಿ ದನದ ಮಾಂಸ ಅಪರೂಪದ ಪದಾರ್ಥವಾಯಿತು. ಪಕ್ಕೆಲುಬಿನ ಮಾಂಸವನ್ನು ಸೋಯಾ ಸಾಸಿನಲ್ಲಿ ಸಾವಕಾಶವಾಗಿ ಬೇಯಿಸಿದ ‘ಗಾಲ್ಬಿ ಜಿಮ್’ ಇಂದಿಗೂ ಅಲ್ಲಿ ಹೊಸ ವರ್ಷ, ಸುಗ್ಗಿ ಹಬ್ಬಗಳ ಊಟ. ಕೆಂಡದ ಮೇಲೆ ಸುಡುವ ‘ಬುಲ್ಗೋಗಿ’ಯ ಮಸಾಲೆ ಮತ್ತು ಈ ಹಬ್ಬದ ಅಡುಗೆಯ ವಿಧಾನ ಎರಡೂ ಅಮೆರಿಕದ ನಿಧಾನ ಗಡಿಗೆಯಲ್ಲಿ ಬೆರೆತು ಮೊಬೈಲಿನ ಆ ಚಿತ್ರದವರೆಗೆ ಬಂದಿವೆ.

ಧಾರವಾಡದ ಹಳ್ಳಿಯಲ್ಲಿ ಈ ಅಡುಗೆ ಮಾಡುವವರು ಒಂದು ವಿಷಯ ತಿಳಿದಿರಬೇಕು. ಕರ್ನಾಟಕದಲ್ಲಿ 2021ರಲ್ಲಿ ಜಾರಿಗೆ ಬಂದ ಕಾಯ್ದೆ ಆಕಳು, ಕರು, ಎತ್ತು, ಹೋರಿಗಳ ವಧೆಯನ್ನು ನಿಷೇಧಿಸುತ್ತದೆ. 13 ವರ್ಷ ತುಂಬದ ಎಮ್ಮೆ, ಕೋಣಗಳಿಗೂ ಅದು ಅನ್ವಯಿಸುತ್ತದೆ. ಮಾಂಸ ತಿನ್ನುವ ಮನೆಗಳಲ್ಲಿ ಕುರಿಯ ಹೆಗಲು, ತೊಡೆಯ ಭಾಗ ಈ ವಿಧಾನಕ್ಕೆ ಚೆನ್ನಾಗಿ ಹೊಂದುತ್ತದೆ. ತಿನ್ನದ ಮನೆಗಳಲ್ಲಿ ಇದೇ ರಸಕ್ಕೆ ನೆನೆಸಿ ಬೇಯಿಸಿದ ಕಡಲೆಕಾಳು ಅಥವಾ ಸೋಯಾ ತುಣುಕು ಹಾಕಬಹುದು. ರಸದ ರುಚಿ ಅದೇ.

ರಸಕ್ಕೆ ಬೇಕಾದ ಸಾಮಗ್ರಿ ನೋಡಿದರೆ ಆಶ್ಚರ್ಯವಾಗುತ್ತದೆ: ಸೋಯಾ, ಎಳ್ಳು, ಬೆಳ್ಳುಳ್ಳಿ, ಕೆಂಪು ಮೆಣಸಿನಕಾಯಿ. ನಾಲ್ಕೂ ಧಾರವಾಡ ಸೀಮೆಯ ಹೊಲದಲ್ಲೇ ಬೆಳೆಯುತ್ತವೆ. ಧಾರವಾಡದ ಕೃಷಿ ವಿಶ್ವವಿದ್ಯಾಲಯ ತುಕ್ಕು ರೋಗ ತಡೆಯುವ ‘ಡಿಎಸ್‌ಬಿ 21’ ಎಂಬ ಸೋಯಾ ತಳಿಯನ್ನೇ ಕೊಟ್ಟಿದೆ. ಆದರೆ ಇಲ್ಲಿನ ಸೋಯಾ ಹೊಲದಿಂದ ಪೇಟೆಗೆ, ಪೇಟೆಯಿಂದ ಎಣ್ಣೆ ಗಿರಣಿಗೆ ಹೋಗುತ್ತದೆ. ಬೆಳೆದವರ ಮನೆಯ ಗಂಗಾಳಕ್ಕೆ ಬರುವುದು ಅಪರೂಪ. ಕೊರಿಯಾದಲ್ಲಿ ಅದೇ ಕಾಳನ್ನು ಬೇಯಿಸಿ, ಕುಟ್ಟಿ, ಇಟ್ಟಿಗೆಯಂತೆ ಕಟ್ಟಿ, ಭತ್ತದ ಹುಲ್ಲಿನಲ್ಲಿ ತೂಗುಹಾಕಿ ಒಣಗಿಸುತ್ತಾರೆ. ಆಮೇಲೆ ಮಣ್ಣಿನ ಗುಡಾಣದಲ್ಲಿ ಉಪ್ಪು ನೀರಿನೊಳಗೆ ತಿಂಗಳುಗಟ್ಟಲೆ ಹುದುಗು ಬರಿಸುತ್ತಾರೆ. ಮೇಲಿನ ನೀರು ಸಾಸ್, ಕೆಳಗಿನ ಗಷ್ಟು ಸಾರಿನ ಹಿಟ್ಟು. ಈ ವಿದ್ಯೆಯನ್ನು ಯುನೆಸ್ಕೊ 2024ರಲ್ಲಿ ಮಾನವ ಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು. ಮೆಣಸಿನಕಾಯಿಯ ಮಾತು ಇನ್ನೂ ಸ್ವಾರಸ್ಯ. ಕೊರಿಯಾಕ್ಕೂ ನಮಗೂ ಅದು ಅಮೆರಿಕ ಖಂಡದಿಂದ ಬಂದ ನೆಂಟ. ಅಲ್ಲಿನ ಖಾರದ ಪುಡಿ ಬಣ್ಣ ಹೆಚ್ಚು, ಉರಿ ಕಡಿಮೆ. ಕುಂದಗೋಳ, ಅಣ್ಣಿಗೇರಿ ಕಡೆ ಬೆಳೆಯುವ, 2011ರಲ್ಲಿ ಭೌಗೋಳಿಕ ಗುರುತು ಪಡೆದ ಬ್ಯಾಡಗಿ ಮೆಣಸಿನಕಾಯಿಯ ಗುಣವೂ ಇದೇ. ಬದಲಿಗೆ ಬೇರೇನನ್ನೂ ಹುಡುಕಬೇಕಿಲ್ಲ.

ಮಾಡುವ ಕ್ರಮ ಸರಳ. ಐದಾರು ಜನಕ್ಕೆ ಎಲುಬಿಲ್ಲದ ಮಾಂಸ 1 ಕಿಲೋ, ಎರಡು ಅಂಗುಲದ ತುಂಡುಗಳಾಗಿ. ಸೋಯಾ ಸಾಸ್ 100 ಮಿಲಿಲೀಟರ್, ನೀರು ಅರ್ಧ ಬಟ್ಟಲು, ಬೆಲ್ಲದ ಪುಡಿ 4 ಚಮಚ, ಬೆಳ್ಳುಳ್ಳಿ 10 ಎಸಳು, ಎರಡಂಗುಲ ಶುಂಠಿ, ದೊಡ್ಡ ಉಳ್ಳಾಗಡ್ಡಿ 1, ಬ್ಯಾಡಗಿ ಖಾರದ ಪುಡಿ 2 ಚಮಚ, ಸ್ವಲ್ಪ ಕಾಳುಮೆಣಸು. ಕೊರಿಯನ್ನರು ತುರಿದ ಪೇರು ಹಣ್ಣು ಹಾಕುತ್ತಾರೆ. ಅದರಲ್ಲಿ ಮಾಂಸ ಮೆತ್ತಗಾಗಿಸುವ ಕಿಣ್ವವಿದೆ, ಸಿಹಿಯೂ ಇದೆ. ಅದು ಸಿಗದಿದ್ದರೆ ಒಂದು ಸೇಬು ಸಾಕು. ನಮ್ಮಲ್ಲಿ ಹಸಿ ಪರಂಗಿಕಾಯಿ ಹಚ್ಚುವುದು ಇದೇ ಕಿಣ್ವದ ಕೆಲಸಕ್ಕೆ. ಆದರೆ ಎಂಟು ತಾಸು ಬೇಯುವ ಮಾಂಸಕ್ಕೆ ಅದು ಬೇಡ, ಹಾಕಿದರೆ ಹಿಟ್ಟಾಗುತ್ತದೆ. ಉಪ್ಪು ಮುಟ್ಟಬಾರದು. 100 ಮಿಲಿಲೀಟರ್ ಸಾಸಿನಲ್ಲೇ 15 ಗ್ರಾಮಿನಷ್ಟು ಉಪ್ಪಿರುತ್ತದೆ. ರಕ್ತದೊತ್ತಡವಿರುವ ಹಿರಿಯರಿದ್ದರೆ ಸಾಸನ್ನೂ ಅರ್ಧ ಮಾಡುವುದು ಲೇಸು.

ಎಲ್ಲವನ್ನೂ ಗಡಿಗೆಗೆ ಹಾಕಿ, ಕಡಿಮೆ ಕಾವಿನಲ್ಲಿ 8 ತಾಸು ಅಥವಾ ಹೆಚ್ಚಿನ ಕಾವಿನಲ್ಲಿ 4–5 ತಾಸು ಬಿಡಬೇಕು. ಗಡಿಗೆ ಅರ್ಧಕ್ಕಿಂತ ಕಡಿಮೆ ಇರಬಾರದು, ಮುಕ್ಕಾಲು ಮೀರಬಾರದು. ನಡುನಡುವೆ ಮುಚ್ಚಳ ತೆಗೆದು ನೋಡುವ ಚಪಲ ಬೇಡ. ಒಮ್ಮೆ ತೆರೆದರೆ ಹೋದ ಕಾವು ಮರಳಲು ಅರ್ಧ ತಾಸು ಹಿಡಿದೀತು. ಕೊನೆಗೆ ಮಾಂಸವನ್ನು ಎಳೆಎಳೆಯಾಗಿ ಬಿಡಿಸಿ, ರಸವನ್ನು ಬೇರೆ ಪಾತ್ರೆಯಲ್ಲಿ ಗಟ್ಟಿಯಾಗುವ ತನಕ ಕುದಿಸಿ ಸೇರಿಸಬೇಕು. ಕೊರಿಯಾದ ಎಳ್ಳೆಣ್ಣೆ ಹುರಿದ ಎಳ್ಳಿನದು. ನಮ್ಮ ಗಾಣದ ಎಣ್ಣೆಗೆ ಆ ಘಮ ಇಲ್ಲ. ಎರಡು ಚಮಚ ಎಳ್ಳು ಹುರಿದು, ಕುಟ್ಟಿ, ಮೇಲೆ ಉದುರಿಸಿದರೆ ಕೊರತೆ ನೀಗುತ್ತದೆ. ಅಲ್ಲಿ ಅನ್ನದ ಜತೆ ತಿನ್ನುತ್ತಾರೆ. ಬಿಸಿ ಜೋಳದ ರೊಟ್ಟಿಯೂ ಜೋಡಿಯೇ.

ಈಗ ಎಚ್ಚರಿಕೆಯ ಮಾತು. 5ರಿಂದ 60 ಡಿಗ್ರಿಯ ನಡುವಿನ ಕಾವು ರೋಗಾಣುಗಳಿಗೆ ಪ್ರಿಯ. ಗಡಿಗೆ ಆ ಮಟ್ಟವನ್ನು ಬೇಗ ದಾಟಬೇಕು, ಮತ್ತೆ ಅಲ್ಲಿಗೆ ಇಳಿಯಬಾರದು. ಹಳ್ಳಿಯಲ್ಲಿ ಕರೆಂಟು ಹೇಳಿ ಹೋಗುವುದಿಲ್ಲ. ಮನೆಯಲ್ಲಿ ಯಾರೂ ಇಲ್ಲದಾಗ ಕರೆಂಟು ಹೋಗಿ ಮೂರು ತಾಸಿನ ಮೇಲೆ ಬಂದಿದ್ದರೆ, ಸಂಜೆ ಅಡುಗೆ ನೋಡಲು ಚೆನ್ನಾಗಿಯೇ ಇರುತ್ತದೆ, ಆದರೆ ತಿನ್ನಲು ಯೋಗ್ಯವಲ್ಲ. ದುಬಾರಿ ಮಾಂಸ ಚೆಲ್ಲಲು ಕೈ ಬಾರದು ನಿಜ, ಆಸ್ಪತ್ರೆಯ ಖರ್ಚು ಅದಕ್ಕಿಂತ ದೊಡ್ಡದು. ಆದ್ದರಿಂದ ಮಾಂಸದ ಗಡಿಗೆಯನ್ನು ಯಾರಾದರೂ ಮನೆಯಲ್ಲಿರುವ ರವಿವಾರ ಇಡುವುದು ಜಾಣತನ. ಹೆಪ್ಪುಗಟ್ಟಿದ ಮಾಂಸವನ್ನು ನೇರವಾಗಿ ಹಾಕಕೂಡದು. ಕೆಂಪು ರಾಜ್ಮಾ ಕಾಳನ್ನು ಹಸಿಯಾಗಿ ಹಾಕಿದರೆ ವಾಂತಿ, ಭೇದಿ ತಪ್ಪಿದ್ದಲ್ಲ. ಅದರಲ್ಲಿರುವ ವಿಷ ಪದಾರ್ಥ ಮಂದ ಕಾವಿಗೆ ನಾಶವಾಗುವುದಿಲ್ಲ. ರಾತ್ರಿ ನೆನೆಸಿ, ನೀರು ಬಸಿದು, ಹೊಸ ನೀರಿನಲ್ಲಿ ಅರ್ಧ ತಾಸು ಕೊತಕೊತ ಕುದಿಸಿಯೇ ಗಡಿಗೆಗೆ ಹಾಕಬೇಕು.

ಖರ್ಚಿನ ಲೆಕ್ಕವೂ ಇರಲಿ. 200 ವ್ಯಾಟಿನ ಗಡಿಗೆ 8 ತಾಸು ನಡೆದರೆ 1.6 ಯೂನಿಟ್. ಇದರಿಂದ ಇಂಧನ ಉಳಿಯುತ್ತದೆಂದು ಯಾರಾದರೂ ಹೇಳಿದರೆ ನಂಬಬೇಕಿಲ್ಲ. ಆ ಕೆಲಸಕ್ಕೆ ಪ್ರೆಷರ್ ಕುಕರೇ ಮೇಲು. ಇಲ್ಲಿ ಉಳಿಯುವುದು ಒಲೆಯ ಮುಂದೆ ಕಾಯುವ ಹೊತ್ತು.

ಯಂತ್ರ ಕೊಳ್ಳದೆಯೂ ಹೊತ್ತು ಉಳಿಸುವ ಉಪಾಯ ಉಂಟು. ನೆನೆಸಿದ ಕಡಲೆ ಅಥವಾ ಹೆಸರುಕಾಳನ್ನು ಮುಚ್ಚಿದ ಪಾತ್ರೆಯಲ್ಲಿ 15 ನಿಮಿಷ ಕುದಿಸಿ, ಮುಚ್ಚಳ ತೆಗೆಯದೆ ಇಳಿಸಿ, ಹೊಟ್ಟು ತುಂಬಿದ ಬುಟ್ಟಿಯಲ್ಲಿ ಕೂಡಿಸಿ, ಮೇಲೆ ಹಳೆಯ ಕೌದಿ ಹೊದಿಸಿದರೆ ಒಳಗಿನ ಕಾವಿನಲ್ಲೇ ಬೇಯುತ್ತದೆ. ಯುದ್ಧಕಾಲದ ಯುರೋಪಿನಲ್ಲಿ ಇಂಥ ಹುಲ್ಲಿನ ಪೆಟ್ಟಿಗೆ ಬಳಕೆಯಲ್ಲಿತ್ತು. ನಾಲ್ಕು ತಾಸಿನೊಳಗೆ ತೆಗೆದು, ಉಣ್ಣುವ ಮೊದಲು ಮತ್ತೊಮ್ಮೆ ಕುದಿಸಬೇಕು. ಮಾಂಸಕ್ಕೆ ಈ ಉಪಾಯ ಬೇಡ.

ವಿದ್ಯಾರ್ಥಿಗಳಿಗೆ ಇದರಲ್ಲೊಂದು ಪ್ರಯೋಗವಿದೆ. ಎರಡು ಲೀಟರ್ ಬರಿ ನೀರು ಕುದಿಸಿ, ಹೀಗೆಯೇ ಬುಟ್ಟಿಯಲ್ಲಿ ಮುಚ್ಚಿ, ತಾಸಿಗೊಮ್ಮೆ ಡಿಜಿಟಲ್ ಉಷ್ಣತಾಮಾಪಕದಿಂದ ಕಾವು ಅಳೆದು ನಕ್ಷೆ ಬರೆಯಬಹುದು. ಪಾದರಸದ ಮಾಪಕ ಅಡುಗೆ ಪಾತ್ರೆಗೆ ಬೇಡ. ನಾಲ್ಕನೆಯ ತಾಸಿಗೂ 60ರ ಮೇಲೆ ನಿಂತರೆ ಬುಟ್ಟಿ ಪಾಸು. ಇಳಿದರೆ ಹೊಟ್ಟು ಇನ್ನಷ್ಟು ತುಂಬಬೇಕು.

ಕಳೆಯ ದಿನಗಳಲ್ಲಿ ಮುಂಜಾನೆ ಗಡಿಗೆ ತುಂಬುವ ಇಪ್ಪತ್ತು ನಿಮಿಷದ ಕೆಲಸ ಯಾರದು ಎಂಬುದು ಕೊನೆಯ ಪ್ರಶ್ನೆ. ಅದೂ ತಾಯಿಯ ಪಾಲಿಗೇ ಬಂದರೆ ಅವಳು ಇನ್ನೂ ಇಪ್ಪತ್ತು ನಿಮಿಷ ಮೊದಲು ಏಳಬೇಕಾಗುತ್ತದೆ, ಅಷ್ಟೇ. ಬೆಳ್ಳುಳ್ಳಿ ಸುಲಿಯಲು, ಕಾಳು ನೆನೆಸಲು, ಗುಂಡಿ ಒತ್ತಲು ಹೈಸ್ಕೂಲಿನ ಹುಡುಗನಿಗೆ ಬಾರದ ವಿದ್ಯೆ ಯಾವುದೂ ಇದರಲ್ಲಿಲ್ಲ. ಮಗ, ಮಗಳು ಸರದಿ ಹಾಕಿಕೊಂಡರೆ ಹೊತ್ತು ಮುಳುಗಿದ ಮೇಲೆ ಹೊಲದಿಂದ ಬಂದ ತಾಯಿ ನೇರವಾಗಿ ಊಟಕ್ಕೆ ಕೂರಬಹುದು. ಎಂಟೂವರೆಗೆ ಮನೆಯಲ್ಲಿ ಎಲ್ಲರ ಊಟ ಮುಗಿದು, ಇಬ್ಬರ ಮುಂದೆಯೂ ಪುಸ್ತಕ ತೆರೆದಿರುತ್ತದೆ.