ಬೆಳಕಿಟ್ಟವರು ಯಾರು?

ಮೊನ್ನೆ ಹಂಪನಕಟ್ಟೆಯಲ್ಲಿ ಬಸ್ಸಿಗೆ ಕಾಯುತ್ತಿದ್ದಾಗ ಕಾಲೇಜಿನ ವಿದ್ಯಾರ್ಥಿಯೊಬ್ಬ ನನ್ನನ್ನು ಕೇಳಿದ: "ಸಾರ್, ಗುರುದತ್ತರು ಕ್ಯಾಮರಾವನ್ನೂ ತಾವೇ ನಡೆಸುತ್ತಿದ್ದರೋ?"

ಪ್ರಶ್ನೆ ಅವನ ತಪ್ಪಲ್ಲ. 2025 ಗುರುದತ್ತರ ಜನ್ಮಶತಾಬ್ದಿಯ ವರ್ಷ. 'ಪ್ಯಾಸಾ' ಮೊದಲಾದ ಚಿತ್ರಗಳು ಪುನರುದ್ಧಾರಗೊಂಡು ಆ ಆಗಸ್ಟಿನಲ್ಲಿ ಮತ್ತೆ ತೆರೆಗೆ ಬಂದವು. ಪಡುಕೋಣೆ ಎಂಬ ಮನೆತನದ ಹೆಸರು ಹಿಡಿದು ನಾವು ಕರಾವಳಿಯವರು ಹೆಮ್ಮೆಪಟ್ಟೆವು. ಆ ಚಿತ್ರಗಳಿಗೆ ಬೆಳಕಿಟ್ಟವರು ಮಾತ್ರ ಮೈಸೂರಿನ ವಿ. ಕೆ. ಮೂರ್ತಿ. 1923ರಲ್ಲಿ ಜನಿಸಿದ ಅವರ ಶತಾಬ್ದಿ ಎರಡು ವರ್ಷ ಮೊದಲೇ ಬಂದು ಹೋಗಿತ್ತು. ನಾನೂ ಅದನ್ನು ನೆನೆಯಲಿಲ್ಲವೆಂದು ಒಪ್ಪಿಕೊಳ್ಳಬೇಕು.

ಪಿಟೀಲು ಬಲ್ಲ ಈ ಯುವಕ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಛಾಯಾಗ್ರಹಣ ಕಲಿತು ಮುಂಬಯಿ ಸೇರಿದರು. 'ಬಾಜಿ'ಯಲ್ಲಿ (1951) ಸಹಾಯಕ. 'ಜಾಲ್'ನಿಂದ (1952) ಗುರುದತ್ತರ ಛಾಯಾಗ್ರಾಹಕ. 'ಕಾಗಜ್ ಕೇ ಫೂಲ್' (1959) ಭಾರತದ ಮೊದಲ ಸಿನೆಮಾಸ್ಕೋಪ್ ಚಿತ್ರ. ಅದರ ಒಂದು ಹಾಡಿನಲ್ಲಿ ಬರಿದಾದ ಸ್ಟುಡಿಯೋದೊಳಕ್ಕೆ ಬಿಸಿಲುಕೋಲೊಂದು ಓರೆಯಾಗಿ ಇಳಿಯುತ್ತದೆ. ಅದು ದೀಪದ್ದಲ್ಲ, ನಿಜವಾದ ಬಿಸಿಲು. ಹೊರಗೆ ಒಂದು ದೊಡ್ಡ ಕನ್ನಡಿ, ಒಳಗೆ ಮೇಲುಗಡೆ ಇನ್ನೊಂದು. ಸೂರ್ಯ ಸರಿದಂತೆ ಕನ್ನಡಿಯನ್ನೂ ಸರಿಸಬೇಕು. ಕೋಲು ಕಣ್ಣಿಗೆ ಕಾಣಲೆಂದು ತುಸು ಹೊಗೆ. ಕೂಡಲಾರದ ಇಬ್ಬರ ದುಃಖವನ್ನು ಆ ಬೆಳಕು ಮಾತಿಗಿಂತ ಮೊದಲೇ ಹೇಳಿಬಿಡುತ್ತದೆ. ಚಿತ್ರ ಸೋತಿತು, ಫಿಲ್ಮ್‌ಫೇರ್ ಪ್ರಶಸ್ತಿ ಮೂರ್ತಿಯವರಿಗೆ ಬಂದಿತು!

ಆದರೆ ಅವರ ನಿಜವಾದ ಶಕ್ತಿ ನೆರಳಿನಲ್ಲಿದೆಯೆಂದು ನನ್ನ ಎಣಿಕೆ. 'ಸಾಹಿಬ್ ಬೀಬಿ ಔರ್ ಗುಲಾಮ್'ನ (1962) ನೃತ್ಯವೊಂದರಲ್ಲಿ ಸಹನರ್ತಕಿಯರ ಮುಖಗಳೆಲ್ಲ ಕತ್ತಲಲ್ಲಿವೆ. ಬೆಳಕು ಒಬ್ಬಳ ಮೇಲಷ್ಟೆ. ಇಂದಿನ ಆತಂಕವೂ ಇಲ್ಲಿಯೇ ಇದೆ. ಪುನರುದ್ಧಾರವೆಂದರೆ ಗೀರು ಒರೆಸುವುದಷ್ಟೇ ಅಲ್ಲ. ಪ್ರತಿಯೊಂದು ದೃಶ್ಯ ಎಷ್ಟು ಕಪ್ಪು, ಎಷ್ಟು ಬಿಳುಪು ಎಂದು ಯಂತ್ರದ ಮುಂದೆ ಕುಳಿತವರು ಮತ್ತೊಮ್ಮೆ ನಿರ್ಧರಿಸುತ್ತಾರೆ. ಆ ಮುಖಗಳನ್ನು ತುಸು ಬೆಳಗಿಸಿದರೆ ಸಾಕು, ಮೂರ್ತಿಯವರ ಕೆಲಸ ಅಳಿಸಿದಂತೆಯೇ. ಕೇಳೋಣವೆಂದರೆ ಅವರಿಲ್ಲ, 2014ರಲ್ಲಿ ತೀರಿಕೊಂಡರು. ಅವರ ಕೈಕೆಳಗೆ ಕಲಿತ ಗೋವಿಂದ ನಿಹಲಾನಿಯವರಂಥವರ ನೆನಪೇ ಇಂಥ ಕೆಲಸಕ್ಕೆ ಅಳತೆಗೋಲಾಗಬೇಕು. ನಿಹಲಾನಿಯವರು ಓದಿದ್ದೂ ಅದೇ ಪಾಲಿಟೆಕ್ನಿಕ್ಕಿನಲ್ಲಿ.

2008ರ ಸಾಲಿನ ಫಾಲ್ಕೆ ಪ್ರಶಸ್ತಿ ಮೂರ್ತಿಯವರಿಗೆ ಸಂದಿತು. ಛಾಯಾಗ್ರಾಹಕನೊಬ್ಬನಿಗೆ ಅದು ದೊರೆತದ್ದು ಅದೇ ಮೊದಲು. ಕನ್ನಡದಲ್ಲಿ ಅವರ ಕೆಲಸ ನೋಡಬಯಸುವವರಿಗೆ 'ಹೂವು ಹಣ್ಣು' (1993) ಇದೆ. ಬಸ್ಸು ಬರುವುದರೊಳಗೆ ಇಷ್ಟನ್ನೂ ಆ ಹುಡುಗನಿಗೆ ಹೇಳಲಾಗಲಿಲ್ಲ. ಅದಕ್ಕೇ ಇಲ್ಲಿ ಬರೆದೆ.